ಲೇಖಕರ ಸಂಘ ಮತ್ತು ಕಾರ್ಬನ್ ಪ್ರತಿ: ಮಾಸ್ಕೋ, ಪ್ರಾಗ್‌ಗಳಲ್ಲಿ ಸಾಹಿತ್ಯ ಮತ್ತು ಪ್ರಭುತ್ವ

ಮಾನ್ಯ ಅಧ್ಯಕ್ಷರೇ, ಸಹೃದಯ ಸಭಿಕರೇ,

‘ಸಾಹಿತ್ಯ ಮತ್ತು ಪ್ರಭುತ್ವ’ ಎಂಬ ವಿಷಯ ನಮ್ಮ ವೇದಿಕೆಗಳಿಗೆ ಹೊಸದಲ್ಲ. ಪ್ರಭುತ್ವ ಹತ್ತಿಕ್ಕುತ್ತದೆ, ಲೇಖಕ ಎದುರು ನಿಲ್ಲುತ್ತಾನೆ, ಕಾಲ ಕಳೆದ ಮೇಲೆ ಲೇಖಕನೇ ಗೆಲ್ಲುತ್ತಾನೆ ಎಂಬ ಕಥೆಯನ್ನು ನಾವೆಲ್ಲ ಕೇಳಿದ್ದೇವೆ, ಹೇಳಿಯೂ ಇದ್ದೇವೆ. ಅದು ಸುಳ್ಳಲ್ಲ, ಆದರೆ ಯುರೋಪಿನ ಇಪ್ಪತ್ತನೆಯ ಶತಮಾನದಲ್ಲಿ ನಡೆದದ್ದು ಅದಕ್ಕಿಂತ ಬಹಳ ಸಿಕ್ಕುಸಿಕ್ಕಾದ ವ್ಯವಹಾರ. ಸಾಹಿತ್ಯಕ್ಕೆ ಅತಿಯಾಗಿ ಹೆದರಿದ ಪ್ರಭುತ್ವಗಳೇ ಅದರ ಮೇಲೆ ಅತಿಯಾಗಿ ಖರ್ಚನ್ನೂ ಮಾಡಿದವು. ಲೇಖಕರಿಗೆ ಮನೆ ಕೊಟ್ಟು, ಸಂಭಾವನೆ ಕೊಟ್ಟು, ಅವರ ಪುಸ್ತಕಗಳನ್ನು ಲಕ್ಷಗಟ್ಟಲೆ ಅಚ್ಚು ಹಾಕಿಸಿದವು. ಪತ್ರಿಕೆ, ನ್ಯಾಯಾಲಯ, ಶಾಸನಸಭೆ ಇವೆಲ್ಲವುಗಳ ಬಾಯಿ ಕಟ್ಟಿದ ಆ ಪ್ರಭುತ್ವಗಳು, ಆ ಸಂಸ್ಥೆಗಳು ಮಾಡಬೇಕಾಗಿದ್ದ ಕೆಲಸವನ್ನು ತಮಗೇ ಅರಿವಿಲ್ಲದೆ ಸಾಹಿತ್ಯದ ಹೆಗಲಿಗೆ ಹೊರಿಸಿದವು. ಆ ಕಾಲದ ರಷ್ಯನ್ ಮತ್ತು ಜೆಕ್ ಸಾಹಿತ್ಯಕ್ಕೆ ಬಂದ ಅಸಾಧಾರಣ ಅಧಿಕಾರ ಈ ವ್ಯವಹಾರದಿಂದಲೇ ಹುಟ್ಟಿದ್ದೆಂದು ತೋರಿಸುವುದು ಈ ಉಪನ್ಯಾಸದ ಉದ್ದೇಶ.

ಯುರೋಪು ದೊಡ್ಡದು, ಆದ್ದರಿಂದ ಮುಖ್ಯವಾಗಿ ಎರಡೇ ನೆಲೆಗಳನ್ನು ಆರಿಸಿಕೊಂಡಿದ್ದೇನೆ: 1932ರಿಂದ ಮುಂದಿನ ಸೋವಿಯತ್ ಒಕ್ಕೂಟ ಮತ್ತು 1960ರ ದಶಕದಿಂದ 1989ರವರೆಗಿನ ಜೆಕೊಸ್ಲೊವಾಕಿಯಾ. ನಾಜಿ ಜರ್ಮನಿಯನ್ನು ಬೇಕೆಂದೇ ಬಿಟ್ಟಿದ್ದೇನೆ. 1933ರ ಮೇ 10ರಂದು ಬರ್ಲಿನ್ನಿನಲ್ಲಿ ಪುಸ್ತಕಗಳನ್ನು ಸುಟ್ಟ ಆ ಆಡಳಿತ ಹನ್ನೆರಡು ವರ್ಷವಷ್ಟೇ ಉಳಿಯಿತು, ಜರ್ಮನ್ ಭಾಷೆಯ ದೊಡ್ಡ ಲೇಖಕರಲ್ಲಿ ಬಹಳ ಮಂದಿ ದೇಶ ಬಿಟ್ಟು ಹೋದರು. ಪ್ರಭುತ್ವವೂ ಸಾಹಿತ್ಯವೂ ಒಂದೇ ಸೂರಿನಡಿ ದಶಕಗಟ್ಟಲೆ ಬಾಳಿ, ಒಂದರ ಗುಣ ಇನ್ನೊಂದಕ್ಕೆ ಅಂಟಿದ್ದನ್ನು ನೋಡಬೇಕಾದರೆ ಮಾಸ್ಕೋಗೂ ಪ್ರಾಗ್‌ಗೂ ಹೋಗಬೇಕು.

ಅದಕ್ಕೆ ಮುಂಚೆ ಹಳೆಯ ಬಗೆಯ ನಂಟಿನ ಬಗ್ಗೆ ಒಂದು ಮಾತು. 1857ರಲ್ಲಿ, ಮೂರನೆಯ ನೆಪೋಲಿಯನ್ನನ ಪ್ಯಾರಿಸ್ಸಿನಲ್ಲಿ, ಅರ್ನೆಸ್ಟ್ ಪಿನಾರ್ ಎಂಬ ಒಬ್ಬನೇ ಸರ್ಕಾರಿ ವಕೀಲ ಒಂದೇ ವರ್ಷದಲ್ಲಿ ಫ್ಲೊಬೇರ್ ಮತ್ತು ಬೋದಿಲೇರ್ ಇಬ್ಬರ ಮೇಲೂ ಮೊಕದ್ದಮೆ ನಡೆಸಿದ. ಫ್ಲೊಬೇರ್ ಖುಲಾಸೆಯಾದರು. ಬೋದಿಲೇರ್‌ಗೆ ದಂಡ ಬಿತ್ತು. ಅವರ ಆರು ಕವನಗಳ ಮೇಲಿನ ನಿಷೇಧ ತೆರವಾದದ್ದು 1949ರಲ್ಲಿ. ಫ್ಲೊಬೇರರ ‘ಮದಾಮ್ ಬೊವಾರಿ’ ಕಾದಂಬರಿಯ ಮೇಲೆ ಪಿನಾರ್ ಹೊರಿಸಿದ ದೂರುಗಳಲ್ಲಿ ಒಂದು ಗಮನಿಸುವಂಥದ್ದು: ನಾಯಕಿಯನ್ನು ತಪ್ಪಿತಸ್ಥೆ ಎಂದು ಖಂಡಿಸಬಲ್ಲ ಪಾತ್ರ ಈ ಪುಸ್ತಕದಲ್ಲಿ ಒಂದೂ ಇಲ್ಲ. ಅಂದರೆ ಆತನನ್ನು ಕಾಡಿದ್ದು ಕಥೆಯಲ್ಲಿನ ವ್ಯಭಿಚಾರಕ್ಕಿಂತ ಹೆಚ್ಚಾಗಿ ನಿರೂಪಣೆ. ನಿರೂಪಕ ಪಾತ್ರದ ಮನಸ್ಸಿನೊಳಗೆ ಹೊಕ್ಕು, ತೀರ್ಪು ಕೊಡದೆ ಸುಮ್ಮನಾದದ್ದು. ಪ್ರಭುತ್ವ ಕೆಲವೊಮ್ಮೆ ವಿಮರ್ಶಕರಿಗಿಂತ ಮೊದಲೇ ಶೈಲಿಯ ಹೊಸತನವನ್ನು ಮೂಸಿ ನೋಡುತ್ತದೆ ಎಂಬುದಕ್ಕೆ ಇದೊಂದು ನಿದರ್ಶನ. ಆದರೂ ಈ ನಂಟು ಹೊರಗಿನಿಂದ ಹೊರಗಿನದು. ಕಾಗದ, ಮುದ್ರಣಾಲಯ, ಅಂಗಡಿ ಎಲ್ಲವೂ ಖಾಸಗಿಯವರ ಕೈಯಲ್ಲಿದ್ದವು. ಪುಸ್ತಕ ಅಚ್ಚಾದ ಮೇಲೆ ಸರ್ಕಾರ ಕೋರ್ಟಿಗೆ ಹೋಗುತ್ತಿತ್ತು, ಅಷ್ಟೆ. ಜಾರನ ರಷ್ಯಾ ಇದಕ್ಕಿಂತ ಕ್ರೂರ. ವಿಮರ್ಶಕ ಬೆಲಿನ್‌ಸ್ಕಿ ಗೊಗೊಲ್‌ಗೆ ಬರೆದಿದ್ದ ಒಂದು ಪತ್ರವನ್ನು ಗೆಳೆಯರ ಕೂಟದಲ್ಲಿ ಓದಿದ್ದು 1849ರಲ್ಲಿ ದಸ್ತಯೇವ್‌ಸ್ಕಿಯವರಿಗೆ ಮರಣದಂಡನೆ ವಿಧಿಸಲು ಒಂದು ಮುಖ್ಯ ಕಾರಣವಾಯಿತು. ವಧಾಸ್ಥಾನದಲ್ಲಿ ನಿಲ್ಲಿಸಿದ ಮೇಲೆ ಶಿಕ್ಷೆಯನ್ನು ಸೈಬೀರಿಯಾದ ಕಠಿಣ ಸಜೆಯಾಗಿ ಬದಲಿಸಲಾಯಿತು. ಆದರೆ ಅಲ್ಲಿಯೂ ಚಕ್ರವರ್ತಿ ಲೇಖಕರ ಕೈ ಕಟ್ಟಲು ನೋಡುತ್ತಿದ್ದನೇ ವಿನಾ ಅವರ ಕೈ ಹಿಡಿದು ಬರೆಸಲು ಹೊರಟಿರಲಿಲ್ಲ.

ಬರೆಸುವ ಹೊಣೆಯನ್ನು ಪ್ರಭುತ್ವ ಹೊತ್ತುಕೊಂಡದ್ದು ಸೋವಿಯತ್ ಕಾಲದಲ್ಲಿ. ಪ್ರಕಟಣಪೂರ್ವ ಪರಿಶೀಲನೆಗಾಗಿ ‘ಗ್ಲಾವ್‌ಲಿತ್’ ಎಂಬ ಇಲಾಖೆ 1922ರಲ್ಲೇ ಹುಟ್ಟಿತ್ತು. ಆದರೆ ನಿಜವಾದ ತಿರುವು 1932ರ ಏಪ್ರಿಲ್ 23ರಂದು ಕಮ್ಯುನಿಸ್ಟ್ ಪಕ್ಷದ ಕೇಂದ್ರ ಸಮಿತಿ ಹೊರಡಿಸಿದ ನಿರ್ಣಯ. ಇದ್ದ ಸಾಹಿತ್ಯ ಗುಂಪುಗಳನ್ನೆಲ್ಲ ವಿಸರ್ಜಿಸಿ, ಎಲ್ಲರಿಗೂ ಸೇರಿ ಒಂದೇ ಲೇಖಕರ ಸಂಘ ಎಂದು ಅದು ವಿಧಿಸಿತು. ಆಗ ಬಹಳ ಮಂದಿ ಲೇಖಕರು ಇದನ್ನು ಸ್ವಾಗತಿಸಿದರು ಎಂಬುದನ್ನು ಮರೆಯಬಾರದು. ಅಲ್ಲಿಯವರೆಗೆ ಶ್ರಮಿಕವರ್ಗದ ಹೆಸರಿನಲ್ಲಿ ಉಳಿದವರನ್ನೆಲ್ಲ ಬೈದಾಡುತ್ತಿದ್ದ ಗುಂಪಿನ ಕಾಟ ತಪ್ಪಿತು ಎಂದು ಅವರು ನಿಟ್ಟುಸಿರುಬಿಟ್ಟರು. ಅದೇ ಅಕ್ಟೋಬರಿನಲ್ಲಿ ಗೋರ್ಕಿಯ ಮನೆಯಲ್ಲಿ ನಡೆದ ಕೂಟದಲ್ಲಿ ಸ್ಟಾಲಿನ್ ಲೇಖಕರನ್ನು ‘ಮಾನವ ಆತ್ಮಗಳ ಎಂಜಿನಿಯರುಗಳು’ ಎಂದು ಕರೆದ. 1934ರ ಆಗಸ್ಟ್‌ನಲ್ಲಿ ನಡೆದ ಸಂಘದ ಮೊದಲ ಮಹಾಧಿವೇಶನದಲ್ಲಿ ಪಕ್ಷದ ನಾಯಕ ಝ್ಡಾನೊವ್ ಆ ಮಾತನ್ನು ವಿವರಿಸಿ, ವಾಸ್ತವವನ್ನು ಅದರ ‘ಕ್ರಾಂತಿಕಾರಿ ಬೆಳವಣಿಗೆಯಲ್ಲಿ’ ಚಿತ್ರಿಸಬೇಕೆಂದು ಸಮಾಜವಾದಿ ವಾಸ್ತವವಾದದ ಸೂತ್ರವನ್ನು ಮಂಡಿಸಿದ.

ಸೂತ್ರಕ್ಕಿಂತ ಸಂಘದ ದಿನನಿತ್ಯದ ವ್ಯವಹಾರ ಹೆಚ್ಚು ಹೇಳುತ್ತದೆ. ಸದಸ್ಯನಾದವನಿಗೆ ಮಾಸ್ಕೋದಲ್ಲಿ ಫ್ಲ್ಯಾಟು ಸಿಗಬಹುದಿತ್ತು; ಅದೃಷ್ಟವಿದ್ದರೆ ಪೆರೆದೆಲ್ಕಿನೊ ಹಳ್ಳಿಯಲ್ಲಿ ಮರಗಳ ನಡುವೆ ಒಂದು ಬೇಸಿಗೆ ಮನೆ; ‘ಲಿತ್‌ಫಾಂಡ್’ ಎಂಬ ನಿಧಿಯಿಂದ ಮುಂಗಡ, ಚಿಕಿತ್ಸೆ, ವಿಶ್ರಾಂತಿಧಾಮ. ಸಂಘದಿಂದ ಹೊರಬಿದ್ದವನಿಗೆ ಇವೆಲ್ಲ ಹೋಗುವುದರ ಜೊತೆಗೆ ಬರೆದದ್ದನ್ನು ಅಚ್ಚು ಹಾಕುವವರೂ ಇರುತ್ತಿರಲಿಲ್ಲ, ಏಕೆಂದರೆ ದೇಶದ ಮುದ್ರಣಾಲಯಗಳೂ ಕಾಗದವೂ ಒಬ್ಬನೇ ಯಜಮಾನನವು. 1946ರ ಆಗಸ್ಟ್‌ನಲ್ಲಿ ಪಕ್ಷ ಕವಯಿತ್ರಿ ಅನ್ನಾ ಅಖ್ಮತೋವಾ ಮತ್ತು ಹಾಸ್ಯಲೇಖಕ ಜೋಶ್ಚೆಂಕೊ ಅವರನ್ನು ಖಂಡಿಸಿ ಸಂಘದಿಂದ ಹೊರಹಾಕಿಸಿದಾಗ, ಯುದ್ಧಾನಂತರದ ಹಸಿವಿನ ದಿನಗಳಲ್ಲಿ, ಅವರ ಪಡಿತರ ಚೀಟಿಯೂ ಹೋಯಿತು. ಹಾಗಾಗಿ ಅಂದಿನ ಲೇಖಕರ ವಿಧೇಯತೆಯನ್ನು ಬರೀ ಹೇಡಿತನವೆಂದು ತೂಗುವುದು ಸುಲಭ, ಆದರೆ ನ್ಯಾಯವಲ್ಲ.

ನ್ಯಾಯವಲ್ಲ ಎಂದೆ, ಆದರೆ ವಿಧೇಯತೆ ಎಲ್ಲಿಗೆ ಮುಟ್ಟಿತು ಎಂಬುದನ್ನೂ ಹೇಳಬೇಕು. 1933ರ ಆಗಸ್ಟ್‌ನಲ್ಲಿ 120 ಲೇಖಕರನ್ನು ಬಿಳಿ ಸಮುದ್ರ ಮತ್ತು ಬಾಲ್ಟಿಕ್ ನಡುವೆ ಕೈದಿಗಳು ತೋಡಿದ ಕಾಲುವೆಯ ಪ್ರವಾಸಕ್ಕೆ ಕರೆದೊಯ್ದರು. ಬಂದವರಲ್ಲಿ 36 ಮಂದಿ ಸೇರಿ, ಗೋರ್ಕಿಯೂ ಒಬ್ಬ ಸಂಪಾದಕರಾಗಿ, ಆ ಕಾಲುವೆಯ ‘ಇತಿಹಾಸ’ವನ್ನು ಬರೆದರು. ಸಾವಿರಾರು ಕೈದಿಗಳ ಸಾವು ಅದರಲ್ಲಿಲ್ಲ. ಕಳ್ಳನೊಬ್ಬ ಗುದ್ದಲಿ ಹಿಡಿದು ಒಳ್ಳೆಯ ನಾಗರಿಕನಾದ ಕಥೆಗಳಿವೆ. ಇದನ್ನು ಬರೆದವರಲ್ಲಿ ನಿಜವಾದ ಪ್ರತಿಭಾವಂತರೂ ಇದ್ದರು. 1937ರಲ್ಲಿ, ಕಾಲುವೆಯ ಹಿಂದಿದ್ದ ಪೊಲೀಸ್ ಅಧಿಕಾರಿಗಳನ್ನೇ ಬಂಧಿಸಿದ ಮೇಲೆ, ಪ್ರಭುತ್ವ ತಾನೇ ಬರೆಸಿದ ಪುಸ್ತಕವನ್ನು ತಾನೇ ಗ್ರಂಥಾಲಯಗಳಿಂದ ಹಿಂತೆಗೆದುಕೊಂಡಿತು.

ಇಲ್ಲಿ ಕನ್ನಡದ ಓದುಗರಿಗೂ ಒಂದು ಎಳೆ ತಾಗುತ್ತದೆ. ಮಾಸ್ಕೋದ ಪ್ರಗತಿ ಪ್ರಕಾಶನ ಕನ್ನಡದಲ್ಲೇ ಅಚ್ಚು ಹಾಕಿ ಕಳಿಸುತ್ತಿದ್ದ, ಒಳ್ಳೆಯ ಕಾಗದದ, ನಂಬಲಾಗದಷ್ಟು ಅಗ್ಗದ ಪುಸ್ತಕಗಳ ಮೂಲಕ ನಮ್ಮಲ್ಲಿ ಅನೇಕರಿಗೆ ರಷ್ಯನ್ ಸಾಹಿತ್ಯದ ಪರಿಚಯವಾಯಿತು. ಆ ಋಣ ದೊಡ್ಡದು. ಆದರೆ ನಮ್ಮ ಕಪಾಟಿಗೆ ಯಾವ ರಷ್ಯಾ ಬರಬೇಕೆಂದು ನಿರ್ಧರಿಸುತ್ತಿದ್ದದ್ದೂ ಅದೇ ಯಜಮಾನ. ಗೋರ್ಕಿ ಬಂದರು; ಸೆರೆಯಲ್ಲಿ ಸತ್ತ ಕವಿ ಮಾಂಡೆಲ್‌ಸ್ಟಾಮ್ ಆ ಬಂಡಿಯಲ್ಲಿ ಬರಲಿಲ್ಲ.

ಒಸಿಪ್ ಮಾಂಡೆಲ್‌ಸ್ಟಾಮ್ 1933ರ ನವೆಂಬರ್‌ನಲ್ಲಿ ಸ್ಟಾಲಿನ್ ಬಗ್ಗೆ ಹದಿನಾರು ಸಾಲಿನ ಒಂದು ಪದ್ಯ ಕಟ್ಟಿದರು. ಕಟ್ಟಿದರು ಎನ್ನುತ್ತೇನೆ, ಬರೆದರು ಎನ್ನುತ್ತಿಲ್ಲ. ಕಾಗದಕ್ಕೆ ಇಳಿಸದೆ, ಕೆಲವೇ ಮಂದಿ ಪರಿಚಿತರ ಮುಂದೆ ಬಾಯಲ್ಲಿ ಹೇಳಿದರು. ಅಷ್ಟರಲ್ಲೇ ಯಾರೋ ಸುದ್ದಿ ಮುಟ್ಟಿಸಿದರು. 1934ರ ಮೇ ತಿಂಗಳಲ್ಲಿ ಬಂಧನವಾಯಿತು. ರಹಸ್ಯ ಪೊಲೀಸರ ಕೇಂದ್ರವಾದ ಲುಬ್ಯಾಂಕಾದ ವಿಚಾರಣಾ ಕೊಠಡಿಯಲ್ಲಿ ಕವಿ ಆ ಪದ್ಯವನ್ನು ಸ್ವಹಸ್ತದಿಂದ ಬರೆದುಕೊಟ್ಟರು, ಆ ಹಸ್ತಪ್ರತಿ ಉಳಿದು ಬಂದದ್ದು ಪೊಲೀಸ್ ಕಡತದಲ್ಲಿ. ಜೂನ್ ತಿಂಗಳಲ್ಲಿ ಸ್ಟಾಲಿನ್ ಸ್ವತಃ ಪಾಸ್ತರ್‌ನಾಕ್‌ರಿಗೆ ಫೋನ್ ಮಾಡಿ, ಮಾಂಡೆಲ್‌ಸ್ಟಾಮ್ ನಿಜವಾಗಿ ‘ಉಸ್ತಾದ’ನೇ ಎಂದು ವಿಚಾರಿಸಿದ. ಈ ಫೋನ್ ಕರೆಯ ಬಗ್ಗೆ ಬೇಕಾದಷ್ಟು ಬರೆದಿದ್ದಾರೆ. ನನಗೆ ಅದರಲ್ಲಿ ಎದ್ದು ಕಾಣುವುದು ಒಂದೇ ಸಂಗತಿ. ಖಂಡದಷ್ಟು ವಿಸ್ತಾರದ ದೇಶವನ್ನು ಆಳುವವನು, ಬಂಧನದಲ್ಲಿರುವ ಕವಿಯ ಕಾವ್ಯಶಕ್ತಿ ಎಷ್ಟರದು ಎಂದು ಇನ್ನೊಬ್ಬ ಕವಿಯನ್ನು ಕೇಳುತ್ತಿದ್ದಾನೆ. ಉತ್ತರದ ಮೇಲೆ ಒಂದು ಜೀವ ನಿಂತಿರಬಹುದು. ಪ್ರಜಾಪ್ರಭುತ್ವ ಇದ್ದ ಯಾವ ದೇಶದಲ್ಲೂ ಕಾವ್ಯಕ್ಕೆ ಇಂಥ ಭೀಕರ ಗೌರವ ಸಿಗಲಿಲ್ಲ. ಮೊದಲು ಗಡೀಪಾರು, ನಂತರ ಮತ್ತೆ ಬಂಧನ. 1938ರ ಡಿಸೆಂಬರ್ 27ರಂದು ವ್ಲಾಡಿವೊಸ್ತೋಕ್ ಬಳಿಯ ಕೈದಿಗಳ ಶಿಬಿರದಲ್ಲಿ ಮಾಂಡೆಲ್‌ಸ್ಟಾಮ್ ತೀರಿಕೊಂಡರು. ಅಚ್ಚಾಗದ ಕವಿತೆಗಳು ಉಳಿದದ್ದು ಹೆಂಡತಿ ನದೇಝ್ದಾ ಅವರ ಕಂಠದಲ್ಲಿ.

ಕಂಠದಲ್ಲಿ ಉಳಿಸುವುದು ಎಂದರೇನೆಂದು ಅಖ್ಮತೋವಾ ಅವರ ಕೋಣೆಯಲ್ಲಿ ಹತ್ತಿರದಿಂದ ನೋಡಬಹುದು. ಮಗ ಬಂಧನದಲ್ಲಿದ್ದಾಗ ಲೆನಿನ್‌ಗ್ರಾದಿನ ಸೆರೆಮನೆಯ ಮುಂದೆ ಹದಿನೇಳು ತಿಂಗಳು ಸರತಿಯಲ್ಲಿ ನಿಂತ ಅನುಭವದಿಂದ ಅವರು ‘ರೆಕ್ವಿಯಂ’ ಎಂಬ ಕವನಗುಚ್ಛವನ್ನು ಕಟ್ಟುತ್ತಿದ್ದರು. ಗೆಳತಿ ಲಿದಿಯಾ ಚುಕೋವ್‌ಸ್ಕಾಯಾ ಮನೆಗೆ ಬಂದಾಗ, ಗೋಡೆಗೂ ಕಿವಿಯಿರುವುದರಿಂದ, ಅಖ್ಮತೋವಾ ಚಹಾದ ಬಗ್ಗೆಯೋ ಹವೆಯ ಬಗ್ಗೆಯೋ ಗಟ್ಟಿಯಾಗಿ ಏನಾದರೂ ಮಾತಾಡುತ್ತ, ಒಂದು ಚೂರು ಕಾಗದದ ಮೇಲೆ ಸಾಲುಗಳನ್ನು ಗೀಚಿ ಕೈಗೆ ಕೊಡುತ್ತಿದ್ದರು. ಚುಕೋವ್‌ಸ್ಕಾಯಾ ಓದಿ, ಬಾಯಿಪಾಠ ಮಾಡಿಕೊಂಡು, ಮರಳಿಸುತ್ತಿದ್ದರು. ಆಮೇಲೆ ಬೆಂಕಿಕಡ್ಡಿ, ಬೂದಿತಟ್ಟೆ. ಈ ಪದ್ಧತಿ ಕಾವ್ಯದ ಮೈಕಟ್ಟನ್ನೇ ರೂಪಿಸಿತೆಂದು ನನ್ನ ಅಭಿಪ್ರಾಯ. ಒಂದೊಂದೇ ಚೀಟಿಗೆ ಹಿಡಿಯುವಂಥ ಚಿಕ್ಕ ಭಾಗಗಳು, ನೆನಪಿಗೆ ಊರುಗೋಲಾಗುವ ಬಿಗಿಯಾದ ಛಂದಸ್ಸು, ಪ್ರಾಸ. ಪಶ್ಚಿಮ ಯುರೋಪಿನ ಕವಿಗಳು ಛಂದಸ್ಸನ್ನು ಹಳೆಯ ಆಭರಣವೆಂದು ಕಳಚುತ್ತಿದ್ದ ಕಾಲದಲ್ಲಿ ರಷ್ಯನ್ ಕಾವ್ಯ ಅದನ್ನು ಬಿಡದೆ ಹಿಡಿದುಕೊಂಡಿತು. ಪರಂಪರೆಯ ಮೇಲಿನ ನಿಷ್ಠೆ ಅದಕ್ಕೊಂದು ಕಾರಣ. ಕಾಗದ ನಂಬಿಕೆಗೆ ಯೋಗ್ಯವಲ್ಲದ ನಾಡಿನಲ್ಲಿ ಪ್ರಾಸವೇ ಭದ್ರವಾದ ಪೆಟ್ಟಿಗೆ ಎಂಬುದು ಇನ್ನೊಂದು. ‘ರೆಕ್ವಿಯಂ’ 1963ರಲ್ಲಿ ಮ್ಯೂನಿಕ್‌ನಲ್ಲಿ ಅಚ್ಚಾಯಿತು. ಅದು ಹುಟ್ಟಿದ ದೇಶದಲ್ಲಿ ಅಚ್ಚಾಗಲು 1987ನೇ ಇಸವಿ ಬರಬೇಕಾಯಿತು.

ಗದ್ಯಕ್ಕೆ ಈ ಸೌಕರ್ಯವಿಲ್ಲ. ಸಾವಿರ ಪುಟದ ಕಾದಂಬರಿಯನ್ನು ಯಾರೂ ಬಾಯಿಪಾಠ ಮಾಡಲಾರರು, ಇದು ಪೊಲೀಸರಿಗೂ ಗೊತ್ತಿತ್ತು. ಸ್ಟಾಲಿನ್‌ಗ್ರಾದಿನ ಯುದ್ಧರಂಗದಿಂದ ವರದಿ ಬರೆದು ಹೆಸರಾಗಿದ್ದ ವಸೀಲಿ ಗ್ರೋಸ್‌ಮನ್, ನಾಜಿ ಶಿಬಿರವನ್ನೂ ಸೋವಿಯತ್ ಶಿಬಿರವನ್ನೂ ಮುಖಾಮುಖಿಯಾಗಿಸುವ ‘ಬದುಕು ಮತ್ತು ವಿಧಿ’ ಎಂಬ ಕಾದಂಬರಿಯನ್ನು ಮುಗಿಸಿ, ಪ್ರಕಟಣೆಗೆಂದು ರಾಜಮಾರ್ಗದಲ್ಲೇ ಪತ್ರಿಕೆಯೊಂದಕ್ಕೆ ಕೊಟ್ಟರು. 1961ರ ಫೆಬ್ರವರಿಯಲ್ಲಿ ಕೆಜಿಬಿಯವರು ಮನೆಗೆ ಬಂದರು. ಗ್ರೋಸ್‌ಮನ್‌ರನ್ನು ಬಂಧಿಸಲಿಲ್ಲ, ಕಾದಂಬರಿಯನ್ನು ಬಂಧಿಸಿದರು. ಟೈಪು ಮಾಡಿದ ಪ್ರತಿಗಳು, ಕರಡುಗಳು, ಬಳಸಿದ ಕಾರ್ಬನ್ ಹಾಳೆಗಳು, ಕೊನೆಗೆ ಟೈಪ್‌ರೈಟರಿನ ರಿಬ್ಬನ್ನನ್ನೂ ಒಯ್ದರು, ಅಕ್ಷರದ ಗುರುತು ಅದರ ಮೇಲೂ ಉಳಿದಿರುತ್ತದಲ್ಲ. ಸ್ಟಾಲಿನ್ ಸತ್ತು ಎಂಟು ವರ್ಷವಾಗಿತ್ತು, ಅವನ ಅಪರಾಧಗಳನ್ನು ಪಕ್ಷವೇ ಒಪ್ಪಿಕೊಂಡು ಐದು ವರ್ಷವಾಗಿತ್ತು. ಮರುವರ್ಷ ಪಕ್ಷದ ಸಿದ್ಧಾಂತದ ಹೊಣೆ ಹೊತ್ತಿದ್ದ ಸುಸ್ಲೊವ್, ಇನ್ನೂರು ಮುನ್ನೂರು ವರ್ಷಗಳವರೆಗೆ ಈ ಪುಸ್ತಕ ಹೊರಬರಲಾಗದು ಎಂದು ಗ್ರೋಸ್‌ಮನ್‌ಗೆ ಹೇಳಿದನಂತೆ. ವಿಮರ್ಶಕನೊಬ್ಬ ಇದಕ್ಕಿಂತ ದೊಡ್ಡ ಪ್ರಶಂಸೆ ಬರೆದದ್ದು ನನಗೆ ತಿಳಿಯದು. ಗ್ರೋಸ್‌ಮನ್ 1964ರಲ್ಲಿ ತೀರಿಕೊಂಡರು. ಬಚ್ಚಿಟ್ಟಿದ್ದ ಪ್ರತಿಯೊಂದು ಮೈಕ್ರೋಫಿಲ್ಮ್ ಆಗಿ ಗಡಿ ದಾಟಿ, 1980ರಲ್ಲಿ ಸ್ವಿಟ್ಜರ್ಲೆಂಡಿನ ಲೊಸಾನ್‌ನಲ್ಲಿ ಪುಸ್ತಕವಾಯಿತು.

ವಿಚಿತ್ರವೆಂದರೆ ಗ್ರೋಸ್‌ಮನ್‌ಗೆ ಬಾಗಿಲು ಮುಚ್ಚಿದ ವರ್ಷದಲ್ಲೇ ಸೊಲ್ಜೆನಿತ್ಸಿನ್‌ಗೆ ಅದು ತೆರೆಯಿತು. 1962ರ ನವೆಂಬರ್‌ನ ‘ನೋವಿ ಮಿರ್’ ಪತ್ರಿಕೆಯಲ್ಲಿ, ಶ್ರಮಶಿಬಿರದ ಒಬ್ಬ ರೈತ ಕೈದಿಯ ಒಂದೇ ದಿನದ ಕಥೆ ಪ್ರಕಟವಾಯಿತು. ಸಂಪಾದಕ ತ್ವರ್ದೋವ್‌ಸ್ಕಿ ಜಾಣತನದಿಂದ ಅದನ್ನು ದೇಶದ ಆಗಿನ ನಾಯಕ ಕ್ರುಶ್ಚೇವ್‌ವರೆಗೆ ಮುಟ್ಟಿಸಿದ್ದರು. ಅನುಮತಿ ಸಿಕ್ಕಿದ್ದು ಪಕ್ಷದ ಅತ್ಯುನ್ನತ ಮಂಡಳಿಯಿಂದ. ಕ್ರುಶ್ಚೇವ್‌ಗೆ ಬೇಕಾಗಿದ್ದದ್ದು ಸ್ಟಾಲಿನ್ ನಿಷ್ಠರ ವಿರುದ್ಧ ಒಂದು ಆಯುಧ. ಶಿಬಿರಗಳ ಬಗ್ಗೆ ವಿಚಾರಣಾ ಆಯೋಗವನ್ನೋ ಬಹಿರಂಗ ನ್ಯಾಯಾಲಯವನ್ನೋ ಕೂರಿಸಿದ್ದರೆ ಅದು ಅವನ ಕೊರಳಿಗೂ ಬರುತ್ತಿತ್ತು; ಒಂದು ನೀಳ್ಗತೆಯಾದರೆ ಅಪಾಯವಿಲ್ಲ ಎಂದು ಲೆಕ್ಕ ಹಾಕಿದ. ಲೆಕ್ಕ ತಪ್ಪಿತು. ದೇಶದ ಮೂಲೆಮೂಲೆಯ ಮಾಜಿ ಕೈದಿಗಳು ಸೊಲ್ಜೆನಿತ್ಸಿನ್‌ಗೆ ತಮ್ಮ ಅನುಭವ ಬರೆದು ಕಳಿಸತೊಡಗಿದರು, ಏಕೆಂದರೆ ಸಾಕ್ಷ್ಯ ಹೇಳಲು ಅವರಿಗೆ ಬೇರೆ ಕಟಕಟೆ ಇರಲಿಲ್ಲ. ಅಂಥ 227 ಮಂದಿಯ ಸಾಕ್ಷ್ಯದ ಮೇಲೆ ‘ಗುಲಾಗ್ ದ್ವೀಪಸಮೂಹ’ ನಿಂತಿತು. 1973ರ ಕೊನೆಯಲ್ಲಿ ಪ್ಯಾರಿಸ್ಸಿನಲ್ಲಿ ಅದು ಬಂದಾಗ ಪ್ರಭುತ್ವಕ್ಕೆ ಲೇಖಕನನ್ನು ದೇಶದಿಂದ ಹೊರಗಟ್ಟುವುದಲ್ಲದೆ ಬೇರೆ ದಾರಿ ತೋಚಲಿಲ್ಲ. ನ್ಯಾಯಾಂಗದ ಕೆಲಸ ಸಾಹಿತ್ಯದ ಹೆಗಲಿಗೆ ಬಿದ್ದದ್ದು ಇಲ್ಲಿಯಷ್ಟು ಸ್ಪಷ್ಟವಾಗಿ ಬೇರೆಲ್ಲೂ ಕಾಣುವುದಿಲ್ಲ.

ಇತ್ತ ನಿಜವಾದ ನ್ಯಾಯಾಲಯಗಳು ಸಾಹಿತ್ಯ ವಿಮರ್ಶೆಗೆ ಇಳಿದಿದ್ದವು. 1964ರಲ್ಲಿ ಲೆನಿನ್‌ಗ್ರಾದಿನ ನ್ಯಾಯಾಧೀಶೆ, ಯುವಕ ಜೋಸೆಫ್ ಬ್ರಾಡ್‌ಸ್ಕಿಯವರನ್ನು, ನಿನ್ನನ್ನು ಕವಿಗಳ ಸಾಲಿಗೆ ಸೇರಿಸಿದವರು ಯಾರು ಎಂದು ಕೇಳಿದಳು. ಯಾರೂ ಇಲ್ಲ, ನನ್ನನ್ನು ಮನುಷ್ಯರ ಸಾಲಿಗೆ ಸೇರಿಸಿದವರು ಯಾರು ಎಂಬುದು ಉತ್ತರ. ಈ ಮಾತು ಉಳಿದದ್ದು ಫ್ರಿದಾ ವಿಗ್ದೊರೊವಾ ಎಂಬ ಪತ್ರಕರ್ತೆ ಕೋರ್ಟಿನಲ್ಲಿ ಕುಳಿತು ಬರೆದುಕೊಂಡ ಟಿಪ್ಪಣಿಯಿಂದ. ಅದು ಕೈಯಿಂದ ಕೈಗೆ ದಾಟಿ, ನಾಟಕದಂತೆ ಓದಿಸಿಕೊಂಡಿತು. 1966ರ ಫೆಬ್ರವರಿಯಲ್ಲಿ ಸಿನ್ಯಾವ್‌ಸ್ಕಿ ಮತ್ತು ದಾನಿಯೆಲ್ ಅವರಿಗೆ ಏಳು ಮತ್ತು ಐದು ವರ್ಷಗಳ ಶಿಬಿರವಾಸ ವಿಧಿಸಿದ ಮೊಕದ್ದಮೆಯಲ್ಲಿ, ಕಥೆಯ ಪಾತ್ರಗಳು ಆಡಿದ ಮಾತನ್ನೇ ಲೇಖಕರ ಸೋವಿಯತ್ ವಿರೋಧಿ ಹೇಳಿಕೆಯೆಂದು ಸಾಕ್ಷ್ಯವಾಗಿ ಮಂಡಿಸಲಾಯಿತು. ಪ್ಯಾರಿಸ್ಸಿನ ಪಿನಾರ್‌ಗೆ ಪಾತ್ರಕ್ಕೂ ಲೇಖಕನಿಗೂ ಅಂತರವಿದೆ ಎಂಬುದಾದರೂ ಗೊತ್ತಿತ್ತು. ಆ ವಿಚಾರಣೆ ಬಹಿರಂಗವಾಗಿ ನಡೆಯಬೇಕು, ಸಂವಿಧಾನವನ್ನು ಗೌರವಿಸಬೇಕು ಎಂದು 1965ರ ಡಿಸೆಂಬರ್ 5ರಂದು ಮಾಸ್ಕೋದ ಪುಷ್ಕಿನ್ ಚೌಕದಲ್ಲಿ ಒಂದು ಸಣ್ಣ ಗುಂಪು ಸೇರಿತು. ಸೋವಿಯತ್ ಮಾನವ ಹಕ್ಕು ಚಳವಳಿ ಮೊದಲಾದದ್ದು ಅಲ್ಲಿಂದ. ಕೂಲಿಯ ಪ್ರಶ್ನೆಯಿಂದಲ್ಲ, ಭೂಮಿಯ ಪ್ರಶ್ನೆಯಿಂದಲ್ಲ. ಇಬ್ಬರು ಕಥೆಗಾರರ ಮೊಕದ್ದಮೆಯಿಂದ.

ಪ್ರಾಗ್‌ನಲ್ಲಿ ಸಾಹಿತ್ಯ ಇನ್ನೂ ಮುಂದೆ ಹೋಗಿ ಸರ್ಕಾರವನ್ನೇ ಅಲುಗಿಸಿತು. 1963ರಲ್ಲಿ ಲಿಬ್ಲಿತ್ಸೆ ಎಂಬಲ್ಲಿ ಕಾಫ್ಕಾ ಬಗ್ಗೆ ವಿಚಾರಗೋಷ್ಠಿ ನಡೆಯಿತು. ಕಾರಣ ಹೇಳದೆ ಬಂಧಿಸುವ ಕಚೇರಿಗಳ ಬಗ್ಗೆ ಬರೆದ ಪ್ರಾಗ್ ನಗರದ ಲೇಖಕನನ್ನು ಸಮಾಜವಾದಿ ಪ್ರಾಗ್‌ನಲ್ಲಿ ಓದಬಹುದೇ ಎಂಬ ಪ್ರಶ್ನೆ ಮೇಲುನೋಟಕ್ಕೆ ಪಂಡಿತರದಾಗಿತ್ತು. ಒಳಗಿನ ಪ್ರಶ್ನೆ ಏನೆಂದು ಎಲ್ಲರಿಗೂ ತಿಳಿದಿತ್ತು. 1967ರ ಜೂನ್‌ನಲ್ಲಿ ಲೇಖಕರ ಸಂಘದ ನಾಲ್ಕನೆಯ ಮಹಾಧಿವೇಶನದಲ್ಲಿ ಕುಂದೇರಾ, ವಾಟ್ಸುಲೀಕ್, ಕ್ಲೀಮಾ ಮುಂತಾದವರು ಬಾಯಿಬಿಟ್ಟು ಮಾತಾಡಿದರು. ಸೆನ್ಸಾರ್ ರದ್ದಾಗಬೇಕೆಂದು ಸೊಲ್ಜೆನಿತ್ಸಿನ್ ಮಾಸ್ಕೋದ ಸಂಘಕ್ಕೆ ಬರೆದಿದ್ದ ಪತ್ರವನ್ನು ಪಾವೆಲ್ ಕೊಹೌಟ್ ಸಭೆಯಲ್ಲಿ ಓದಿದಾಗ ಪಕ್ಷದ ಪ್ರತಿನಿಧಿ ಎದ್ದು ಹೊರನಡೆದ. ಇದೆಲ್ಲ ನಡೆದದ್ದು ಪ್ರಭುತ್ವವೇ ಕಟ್ಟಿಕೊಟ್ಟ ಸಂಘದಲ್ಲಿ, ಅದೇ ಹಣ ಕೊಟ್ಟ ಸಭಾಂಗಣದಲ್ಲಿ. ಲೇಖಕರನ್ನು ಒಂದೆಡೆ ಕೂಡಿಸಿದರೆ ಕಣ್ಣಿಡುವುದು ಸುಲಭ ಎಂಬ 1932ರ ಎಣಿಕೆ ಇಲ್ಲಿ ತಿರುಗುಬಾಣವಾಯಿತು: ಬೇರೆಲ್ಲೂ ಗುಂಪು ಕೂಡಲಾಗದ ದೇಶದಲ್ಲಿ ಕಾನೂನುಬದ್ಧವಾಗಿ ಕೂಡಿ ಮಾತಾಡುವ ಹಕ್ಕು ಸಂಘದ ಸದಸ್ಯರಿಗಿತ್ತು. ಮುಂದಿನ ವರ್ಷ ಜೂನ್ 26ರಂದು ಸೆನ್ಸಾರ್ ರದ್ದಾಯಿತು. ಮರುದಿನವೇ ವಾಟ್ಸುಲೀಕ್ ಬರೆದ ‘ಎರಡು ಸಾವಿರ ಪದಗಳು’ ಎಂಬ ಮನವಿ ಪತ್ರಿಕೆಗಳಲ್ಲಿ ಬಂತು. ಅದನ್ನು ಮಾಸ್ಕೋ ಪ್ರತಿಕ್ರಾಂತಿಯ ಕರೆಯೆಂದು ಓದಿತು. ಆಗಸ್ಟ್ 20ರ ರಾತ್ರಿ ಟ್ಯಾಂಕುಗಳು ಗಡಿ ದಾಟಿದವು.

ಆಕ್ರಮಣದ ಮುಂದಿನ ಇಪ್ಪತ್ತು ವರ್ಷ ಜೆಕ್ ಸಾಹಿತ್ಯ ಮೂರು ಹೋಳಾಯಿತು: ಅಧಿಕೃತ, ದೇಶಭ್ರಷ್ಟ, ಟೈಪಿಸಿದ್ದು. ನನಗೆ ಹೆಚ್ಚು ಕುತೂಹಲವಿರುವುದು ಮೂರನೆಯದರಲ್ಲಿ. ವಾಟ್ಸುಲೀಕ್ ನಡೆಸಿದ ‘ಪೆಟ್ಲಿಟ್ಸೆ’ ಮಾಲೆ, ಅಂದರೆ ‘ಚಿಲಕ’ ಮಾಲೆ, 1970ರ ದಶಕದ ಮೊದಲಲ್ಲಿ ಹುಟ್ಟಿ ಸುಮಾರು ನಾನೂರು ಶೀರ್ಷಿಕೆಗಳನ್ನು ತಂದಿತು. ಈರುಳ್ಳಿ ಸಿಪ್ಪೆಯಂಥ ತೆಳು ಕಾಗದಗಳ ನಡುವೆ ಕಾರ್ಬನ್ ಇಟ್ಟು ಒಂದು ಸಲಕ್ಕೆ ಹನ್ನೆರಡರಷ್ಟು ಪ್ರತಿ ಹೊಡೆಯುತ್ತಿದ್ದರು. ಕೀಲಿಗಳನ್ನು ಗುದ್ದಿದಂತೆ ಒತ್ತಬೇಕು. ಅಡಿಯ ಪ್ರತಿಗಳಲ್ಲಿ ಅಕ್ಷರ ಬೂದುಬಣ್ಣದ ನೆರಳು. ಆಮೇಲೆ ಹೊಲಿದು, ರಟ್ಟು ಕಟ್ಟಿ, ಮೊದಲ ಪುಟದಲ್ಲಿ ಲೇಖಕರ ಸಹಿ. ಸಹಿಯ ಜೊತೆಗೆ ಒಂದು ಸಾಲು: ಈ ಹಸ್ತಪ್ರತಿಯನ್ನು ಮುಂದೆ ನಕಲು ಮಾಡುವುದನ್ನು ಸ್ಪಷ್ಟವಾಗಿ ನಿಷೇಧಿಸಲಾಗಿದೆ. ಇದು ತಮಾಷೆಯಲ್ಲ. ಸ್ನೇಹಿತರಿಗೆ ಹಸ್ತಪ್ರತಿ ಓದಲು ಕೊಡುವುದು ಅಪರಾಧವಲ್ಲ, ಪ್ರಸಾರ ಮಾಡುವುದು ಅಪರಾಧ. ಆ ಸಾಲು ಲೇಖಕರನ್ನು ಕಾನೂನಿನ ಈಚೆ ದಡದಲ್ಲಿ ನಿಲ್ಲಿಸುತ್ತಿತ್ತು. ಓದುಗರು ಆ ನಿಷೇಧವನ್ನು ನಕಲು ಮಾಡಿ ಎಂಬ ಕೋರಿಕೆಯೆಂದೇ ಓದಿಕೊಂಡರು. ಪುಸ್ತಕವೊಂದು ಎರಡು ರಾತ್ರಿಗೆಂದು ಕೈಗೆ ಬಂದಾಗ ಅದನ್ನು ಓದುವ ಏಕಾಗ್ರತೆಯೇ ಬೇರೆ. ಪ್ರಭುತ್ವ ರೂಪಿಸಿದ್ದು ಬರೆಯುವವರನ್ನು ಮಾತ್ರವಲ್ಲ, ಓದುವವರನ್ನೂ.

ಹಾಗೆಂದು ಎಲ್ಲರೂ ವೀರರಾಗಿರಲಿಲ್ಲ, ಆಗಬೇಕಾಗಿಯೂ ಇರಲಿಲ್ಲ. ಬೊಹುಮಿಲ್ ಹ್ರಬಾಲ್ 1975ರಲ್ಲಿ ಸರ್ಕಾರಿ ವಾರಪತ್ರಿಕೆಗೆ ವ್ಯವಸ್ಥೆಯನ್ನು ಒಪ್ಪಿಕೊಳ್ಳುವ ಧಾಟಿಯ ಸಂದರ್ಶನ ಕೊಟ್ಟು, ಪ್ರಕಟಿಸುವ ಅನುಮತಿ ಮರಳಿ ಪಡೆದರು. ಗೆಳೆಯರು ನೊಂದರು. ಆದರೆ ಅವರ ‘ಗದ್ದಲದ ಏಕಾಂತ’ವೆಂಬ ಕಿರುಕಾದಂಬರಿಯ ನಾಯಕ, ನಿಷಿದ್ಧ ಪುಸ್ತಕಗಳನ್ನು ಯಂತ್ರದಲ್ಲಿ ಒತ್ತಿ ರದ್ದಿಯ ಹೊರೆ ಕಟ್ಟುತ್ತ ಅವುಗಳನ್ನೇ ಓದುತ್ತ ಪಂಡಿತನಾಗುವವನು. ಹ್ರಬಾಲ್ ಸ್ವತಃ 1950ರ ದಶಕದಲ್ಲಿ ಪ್ರಾಗ್‌ನ ರದ್ದಿ ಕಾಗದದ ನೆಲಮಾಳಿಗೆಯಲ್ಲಿ ದುಡಿದಿದ್ದರು. ಈ ಕೃತಿ ಮೊದಲು ಟೈಪು ಪ್ರತಿಯಾಗಿ ಓಡಾಡಿತು. 1981ರಲ್ಲಿ ಅದನ್ನೇ ಕತ್ತರಿಸಿ, ತಮ್ಮ ಇನ್ನೊಂದು ಕೃತಿಯೊಂದಿಗೆ ಬೆರೆಸಿ, ಬೇರೆ ಹೆಸರಿನಲ್ಲಿ ಅಧಿಕೃತ ಪ್ರಕಾಶನದಿಂದ ತಂದರು. ಒಂದೇ ಪಠ್ಯಕ್ಕೆ ಎರಡು ದೇಹ. ಇದನ್ನು ರಾಜಿ ಎನ್ನಬಹುದು; ನಾನು ಇದನ್ನು ಆ ಕಾಲದ ನಿಜವಾದ ಸಾಹಿತ್ಯ ಪ್ರಕಾರವೆಂದೇ ಎಣಿಸುತ್ತೇನೆ. ಹಂಗೆರಿಯಲ್ಲಿ ಸಂಸ್ಕೃತಿಯ ಉಸ್ತುವಾರಿಯಾಗಿದ್ದ ಆಟ್ಸೆಲ್ ಪುಸ್ತಕಗಳನ್ನು ಪೋಷಿಸುವವು, ಸಹಿಸುವವು, ನಿಷೇಧಿಸುವವು ಎಂದು ಮೂರು ಗುಂಪು ಮಾಡಿದ್ದ. ಒಳ್ಳೆಯ ಬರವಣಿಗೆ ಬಹುಪಾಲು ನಡುವಿನ ಗುಂಪಿನಲ್ಲೇ ಉಸಿರಾಡಿತು.

1977ರ ಜನವರಿಯ ‘ಚಾರ್ಟರ್ 77’ ಎಂಬ ಮಾನವ ಹಕ್ಕುಗಳ ಘೋಷಣೆ ಮತ್ತು ಮರುವರ್ಷ ನಾಟಕಕಾರ ವಾತ್ಸ್ಲಾವ್ ಹಾವೆಲ್ ಬರೆದ ‘ಅಧಿಕಾರವಿಲ್ಲದವರ ಅಧಿಕಾರ’ ಎಂಬ ಪ್ರಬಂಧದ ಬಗ್ಗೆ ನಿಮಗೆಲ್ಲ ತಿಳಿದೇ ಇದೆ. ತರಕಾರಿ ಅಂಗಡಿಯವನೊಬ್ಬ ಈರುಳ್ಳಿ, ಗಜ್ಜರಿಗಳ ನಡುವೆ ‘ವಿಶ್ವದ ಕಾರ್ಮಿಕರೇ ಒಂದಾಗಿ’ ಎಂಬ ಫಲಕ ಇಡುತ್ತಾನೆ. ಅದನ್ನು ಅವನು ನಂಬುವುದಿಲ್ಲ, ಓದುವವರೂ ನಂಬುವುದಿಲ್ಲ, ಇಡೆಂದವರೂ ನಂಬುವುದಿಲ್ಲ. ಆದರೂ ಆ ಫಲಕದ ಮೇಲೆ ರಾಜ್ಯ ನಿಂತಿದೆ. ಇದು ರಾಜ್ಯಶಾಸ್ತ್ರಜ್ಞನ ಕಣ್ಣಿಗೆ ಬೀಳುವ ಸಂಗತಿಯಲ್ಲ. ರಂಗದ ಮೇಲೆ ಯಾವ ಪಾತ್ರ ಯಾವ ಮಾತನ್ನು ಮನಸ್ಸಿಲ್ಲದೆ ಹೇಳುತ್ತಿದೆ ಎಂದು ಗುರುತಿಸಿ ಅಭ್ಯಾಸವಿದ್ದ ನಾಟಕಕಾರನಿಗೆ ಹೊಳೆದದ್ದು. ಆ ನಾಟಕಕಾರರು ಹಲವು ವರ್ಷ ಜೈಲಿನಲ್ಲಿದ್ದು, 1989ರ ಡಿಸೆಂಬರ್ 29ರಂದು ದೇಶದ ಅಧ್ಯಕ್ಷರಾದರು. ಮರುವರ್ಷ ಹಂಗೆರಿಯ ಅಧ್ಯಕ್ಷರಾದ ಗೋಂಟ್ಸ್ ಕೂಡ ನಾಟಕಕಾರ, ಅನುವಾದಕ. ಬೇರೆ ನಾಯಕರನ್ನು ಬೆಳೆಯಗೊಡದ ಪ್ರಭುತ್ವಗಳು ಬಿಟ್ಟುಹೋದ ಕುರ್ಚಿಯಲ್ಲಿ ಕೂರಲು ಜನರ ವಿಶ್ವಾಸ ಉಳಿಸಿಕೊಂಡಿದ್ದವರು ಲೇಖಕರೇ ಆಗಿದ್ದರು.

ಆ ವಿಶ್ವಾಸ ಬಹುಕಾಲ ಬಾಳಲಿಲ್ಲ. 1990ರಲ್ಲಿ ‘ನೋವಿ ಮಿರ್’ ಪ್ರಸಾರ ಇಪ್ಪತ್ತೈದು ಲಕ್ಷ ಮೀರಿತ್ತು. ಎಪ್ಪತ್ತು ವರ್ಷ ಬಚ್ಚಿಟ್ಟದ್ದೆಲ್ಲ ಒಮ್ಮೆಗೇ ಅಚ್ಚಾಗುತ್ತಿತ್ತು. ಕೆಲವೇ ವರ್ಷಗಳಲ್ಲಿ ಅದು ಸಾವಿರಗಳಿಗೆ ಇಳಿಯಿತು. ಸ್ವತಂತ್ರ ಪತ್ರಿಕೆ ಬಂದ ಮೇಲೆ ಸುದ್ದಿಗಾಗಿ ಕಾದಂಬರಿ ಓದಬೇಕಾಗಿಲ್ಲ, ಸಂಸತ್ತು ಬಂದ ಮೇಲೆ ಚರ್ಚೆಗಾಗಿ ಕಾವ್ಯಗೋಷ್ಠಿಗೆ ಹೋಗಬೇಕಾಗಿಲ್ಲ. ಇದನ್ನು ಸಾಹಿತ್ಯದ ಅವನತಿಯೆಂದು ಕೊರಗಿದವರಿದ್ದಾರೆ. ಆ ಕೊರಗಿನಲ್ಲಿ ನನಗೆ ಪಾಲಿಲ್ಲ. ಸೆರೆಮನೆಯ ಮುಂದಿನ ಸರತಿಯಿಂದ ಬಂದ ಅಧಿಕಾರವನ್ನು, ಸರತಿ ಕರಗಿದ ಮೇಲೂ ಉಳಿಯಲಿ ಎಂದು ಬಯಸುವುದು ವಿಕೃತಿ. ಹೆಚ್ಚು ನೋವಿನದು ಪೂರ್ವ ಜರ್ಮನಿಯಲ್ಲಿ ನಡೆದ ಜಗಳ: ರಹಸ್ಯ ಪೊಲೀಸರು ತಮ್ಮ ಮೇಲೆ ಕಣ್ಣಿಟ್ಟಿದ್ದ ದಿನಗಳ ಬಗ್ಗೆ ಹಿಂದೆಯೇ ಬರೆದಿಟ್ಟಿದ್ದ ಕಥನವನ್ನು ಲೇಖಕಿ ಕ್ರಿಸ್ಟಾ ವೋಲ್ಫ್ 1990ರಲ್ಲಿ, ಗೋಡೆ ಬಿದ್ದ ಮೇಲೆ, ಪ್ರಕಟಿಸಿದಾಗ, ಅಲ್ಲಿಯವರೆಗೆ ಅವರನ್ನು ಹೊಗಳಿದ್ದ ಪಶ್ಚಿಮದ ವಿಮರ್ಶಕರು, ಇಷ್ಟು ತಡವಾಗಿ ಏಕೆ ಎಂದು ಮುಗಿಬಿದ್ದರು. ಆ ಪ್ರಶ್ನೆ ಕೇಳುವುದಕ್ಕೆ ಅವರಿಗೆ ಯಾವ ಬೆಲೆಯನ್ನೂ ತೆರಬೇಕಾಗಿರಲಿಲ್ಲ ಎಂಬುದನ್ನೂ ಲೆಕ್ಕಕ್ಕೆ ಹಿಡಿಯಬೇಕು.

ಇನ್ನು ಇಂದಿನ ರಷ್ಯಾ. 2024ರ ಜುಲೈನಲ್ಲಿ ಮಾಸ್ಕೋದ ಸೇನಾ ನ್ಯಾಯಾಲಯ ನಿರ್ದೇಶಕಿ ಝೆನ್ಯಾ ಬೆರ್ಕೊವಿಚ್ ಮತ್ತು ನಾಟಕಕರ್ತೆ ಸ್ವೆತ್ಲಾನಾ ಪೆತ್ರಿಚುಕ್ ಅವರಿಗೆ ಭಯೋತ್ಪಾದನೆಯ ಸಮರ್ಥನೆಯ ಆರೋಪದ ಮೇಲೆ ಆರಾರು ವರ್ಷ ಸಜೆ ವಿಧಿಸಿತು. ಅಂತರಜಾಲದಲ್ಲಿ ಉಗ್ರರ ಮಾತಿಗೆ ಮರುಳಾಗುವ ರಷ್ಯನ್ ಹೆಂಗಸರ ಬಗ್ಗೆ ಅವರು ಆಡಿಸಿದ ನಾಟಕವೇ ಸಾಕ್ಷ್ಯ. 2022ರಲ್ಲಿ ದೇಶದ ಪ್ರಮುಖ ರಂಗಪ್ರಶಸ್ತಿಯಾದ ‘ಗೋಲ್ಡನ್ ಮಾಸ್ಕ್’ ಅದಕ್ಕೆ ಸಿಕ್ಕಿತ್ತು. ಪಾತ್ರದ ಮಾತನ್ನು ಲೇಖಕರ ತಲೆಗೆ ಕಟ್ಟುವ 1966ರ ತರ್ಕ ಹಾಗೆಯೇ ಮರಳಿದೆ. ಆದರೆ ಉಳಿದ ವ್ಯವಸ್ಥೆ ಬೇರೆ. ಇಂದಿನ ಪ್ರಭುತ್ವ ಕಾಗದವನ್ನು ಹಂಚುವುದಿಲ್ಲ, ಲೇಖಕರೆಲ್ಲರಿಗೂ ಮನೆ ಕೊಡುವುದಿಲ್ಲ, ಎಲ್ಲರೂ ತನ್ನನ್ನು ಹೊಗಳಿ ಬರೆಯಲೇಬೇಕೆಂದೂ ಹಟ ಹಿಡಿಯುವುದಿಲ್ಲ. ‘ವಿದೇಶಿ ಏಜೆಂಟ್’ ಎಂಬ ಪಟ್ಟಿಗೆ ಸೇರಿಸಿದ ಲೇಖಕರ ಪುಸ್ತಕಗಳನ್ನು ಒಳಗೇನಿದೆ ಎಂದು ಕಾಣದ ಹೊದಿಕೆಯಲ್ಲಿ ಸುತ್ತಿ, ವಯಸ್ಕರಿಗೆ ಮಾತ್ರ ಎಂಬ ಚೀಟಿ ಅಂಟಿಸಿ ಮಾರಲು ಬಿಟ್ಟಿತು. ಸ್ಟಾಲಿನ್ ಮಾಂಡೆಲ್‌ಸ್ಟಾಮ್ ಬಗ್ಗೆ ಪಾಸ್ತರ್‌ನಾಕ್‌ರನ್ನು ಕೇಳಿದ್ದಂಥ ಪ್ರಶ್ನೆಯನ್ನು ಕೇಳುವ ಆಸಕ್ತಿ ಇಂದು ಕ್ರೆಮ್ಲಿನ್ನಿನಲ್ಲಿ ಯಾರಿಗೂ ಇದ್ದಂತಿಲ್ಲ. ಶಿಕ್ಷೆ ಉಳಿದು ಗೌರವ ಮಾತ್ರ ಹೋಗಿರುವ ಈ ಸ್ಥಿತಿಯಲ್ಲಿ, ಅಖ್ಮತೋವಾ ಅವರ ಬೂದಿತಟ್ಟೆಯೋ ವಾಟ್ಸುಲೀಕ್ ಅವರ ಕಾರ್ಬನ್ ಹಾಳೆಯೋ ತಂದುಕೊಟ್ಟಂಥ ಅಧಿಕಾರವನ್ನು ಅಲ್ಲಿನ ಲೇಖಕರು ಯಾವ ಮೂಲದಿಂದ ಪಡೆದಾರು ಎಂಬುದಕ್ಕೆ ಹಳೆಯ ಚರಿತ್ರೆಯಲ್ಲಿ ಸಿದ್ಧ ಉತ್ತರವಿಲ್ಲ.